ವಾಟ್ನಿ ದಾವೆಯಲ್ಲಿ ಮೀಡಿಯೇಷನ್‌ಗೆ ಹೋದರೆ ನಮ್ಮ ಕೇಸ್ ಸಡಿಲ ಆಗುತ್ತಾ?

ಅಣ್ಣನ ಮೇಲೆ ವಾಟ್ನಿ ದಾವೆ (ಆಸ್ತಿಯಲ್ಲಿ ಪಾಲು ಕೇಳುವ ಕೇಸ್) ಹಾಕಿ ನಾಲ್ಕು ವರ್ಷ ಆಯ್ತು, ಈಗ ಜಡ್ಜ್ ಮೀಡಿಯೇಷನ್‌ಗೆ, ಅಂದರೆ ಮಧ್ಯಸ್ಥರ ಮುಂದೆ ರಾಜಿ ಮಾತುಕತೆಗೆ, ಕಳಿಸಿದ್ದಾರೆ, ಅಲ್ಲಿ ಬಾಯಿ ಬಿಟ್ಟರೆ ನಮಗೇ ಮುಳುವಾಗುತ್ತಾ ಅಂತ ಕೇಳಿದ್ದೀರಿ.

ಆಗಲ್ಲ, ಧೈರ್ಯವಾಗಿ ಹೋಗಿ. ಅಲ್ಲಿ ಆಡಿದ ಮಾತು ಸಾಕ್ಷಿಯಾಗಿ ಕೋರ್ಟಿಗೆ ಬರುವುದಿಲ್ಲ. ರಾಜಿ ಆಯ್ತೋ ಇಲ್ಲವೋ, ಮೀಡಿಯೇಟರ್ ಜಡ್ಜ್‌ಗೆ ತಿಳಿಸುವುದು ಅಷ್ಟೇ. ಮಾತು ಮುರಿದರೆ ಕೇಸ್ ನಿಂತಲ್ಲಿಂದಲೇ ಮುಂದೆ ನಡೆಯುತ್ತದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) 89ನೇ ಕಲಂ ಪ್ರಕಾರ 2002ರಿಂದ ಹೀಗೆ ಕಳಿಸುತ್ತಿದ್ದಾರೆ. ನಿಮ್ಮ ಕೇಸ್ ಸುಮ್ನೆ ತಳ್ಳಿದ್ದಾರೆ ಅಂದುಕೊಳ್ಳಬೇಡಿ.

ನಮ್ಮದೂ ಹೊಲದ್ದೇ ತಕರಾರು. ಗದಗ ತಾಲ್ಲೂಕಿನ ಎರಿ ಹೊಲ. ಅಪ್ಪ, ಕಾಕಾ, ಹುಬ್ಬಳ್ಳಿಗೆ ಕೊಟ್ಟ ಅತ್ತೆ, ಮೂವರಿಗೆ ಮೂರು ಪಾಲು. ಅದರಲ್ಲಿ ಜಗಳವೇ ಇರಲಿಲ್ಲ. ಆದರೂ ಏಳು ವರ್ಷ ತಾರೀಖು ಮೇಲೆ ತಾರೀಖು. ಮೀಡಿಯೇಷನ್ ಕೋಣೆಯಲ್ಲಿ ಕಾಕಾ ಮೊದಲ ಅರ್ಧ ತಾಸು ಅಪ್ಪನನ್ನು ಬೈದರು. ಮೀಡಿಯೇಟರ್ ತಡೆಯಲಿಲ್ಲ. ಆಮೇಲೆ ಕಾಕಾ ಕನ್ನಡಕದ ಡಬ್ಬಿಯನ್ನು ಮೇಜಿನ ಮೇಲಿಟ್ಟು ‘ಇದು ಹೊಲ’ ಅಂದರು. ಪಕ್ಕಕ್ಕೆ ಪೆನ್ ಇಟ್ಟು ‘ಇದು ಬಂಡಿದಾರಿ. ಹೆಸರುಕಾಳಿನ ಬೆಳೆ ಬಂದಾಗ ಇವನು ಬಂದ್ ಮಾಡ್ತಾನೆ, ನನ್ನ ಟ್ರ್ಯಾಕ್ಟರ್ ಹಾರಿ ಹೋಗಬೇಕಾ?’ ಅಂದರು. ಅಪ್ಪ ಸ್ವಲ್ಪ ಹೊತ್ತು ನೋಡಿ, ಮಾತಾಡದೆ ಪೆನ್ ಎತ್ತಿ ಡಬ್ಬಿಯ ಈಚೆ ಬದಿಗೆ ಇಟ್ಟರು. ಬದುವಿನ ಮೇಲಿನ ದಾರಿ ಬಿಡ್ತೀನಿ ಅಂತ ಅರ್ಥ.

ನಮ್ಮ ದಾವೆಯಲ್ಲಿ ದಾರಿಯ ಬಗ್ಗೆ ಒಂದು ಸಾಲೂ ಇರಲಿಲ್ಲ. ಪಾಲು ಎಣಿಸಿ ತೀರ್ಪು ಕೊಟ್ಟಿದ್ದರೆ ಆ ಜಗಳ ಹಾಗೇ ಉಳಿಯುತ್ತಿತ್ತು, ಅಲ್ವಾ? ರಾಜಿಯಲ್ಲಾದರೆ ದಾರಿ, ಬೋರ್‌ವೆಲ್ ನೀರಿನ ಪಾಳಿ, ಎಲ್ಲ ಬರೆಸಬಹುದು.

ನಾವು ಮಾಡಿದ ತಪ್ಪನ್ನೂ ಹೇಳುತ್ತೇನೆ. ಉತ್ಸಾಹದಲ್ಲಿ ಊರೊಳಗಿನ ಹಿತ್ತಲನ್ನೂ ರಾಜಿ ಪತ್ರದಲ್ಲಿ ಸೇರಿಸಿದೆವು. ಅದು ದಾವೆಯಲ್ಲಿ ಇರಲೇ ಇಲ್ಲ. ದಾವೆಯಲ್ಲಿರುವ ಆಸ್ತಿಯ ರಾಜಿ ಡಿಕ್ರಿಗೆ (ರಾಜಿಯ ಮೇಲೆ ಕೋರ್ಟ್ ಕೊಡುವ ತೀರ್ಪಿಗೆ) ರಿಜಿಸ್ಟ್ರೇಷನ್ ಬೇಡ, ಹೊರಗಿನ ಆಸ್ತಿ ಸೇರಿಸಿದರೆ ಬೇಕು. ಹೀಗಾಗಿ ಹಿತ್ತಲಿಗೆ ಬೇರೆ ಖರ್ಚು, ಬೇರೆ ಓಡಾಟ.

ಸಹಿ ಹಾಕುವ ಮೊದಲು ಚಕಬಂದಿ (ಆಸ್ತಿಯ ನಾಲ್ಕು ದಿಕ್ಕಿನ ಗಡಿ) ಸಮೇತ ಪ್ರತಿ ಸಾಲು ಓದಿಸಿಕೊಳ್ಳಿ. ಒಪ್ಪಿ ಆದ ಡಿಕ್ರಿಯ ಮೇಲೆ ಅಪೀಲ್ ಇಲ್ಲ. ಅಕ್ಕತಂಗಿಯರು ಇದ್ದರೆ ಅವರನ್ನು ಬಿಡಲೇಬೇಡಿ, ಅವರಿಗೂ ಸಮಪಾಲು ಇದೆ. ಮೈನರ್ ಮಕ್ಕಳ ಹಿಸ್ಸೆ ಇದ್ದರೆ ಕೋರ್ಟಿನ ಅನುಮತಿ ಬೇಕು. ಲೋಕ ಅದಾಲತ್‌ನಲ್ಲಿ ಮುಗಿದರೆ ಕಟ್ಟಿದ ಕೋರ್ಟ್ ಫೀ ವಾಪಸ್ ಬರುತ್ತದೆ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರದಿಂದ ವಕೀಲರು ಪುಕ್ಕಟೆ ಸಿಗುತ್ತಾರೆ. ನಮ್ಮ ಅತ್ತೆಗೆ ಇದು ಕೊನೆಗೆ ಗೊತ್ತಾಯಿತು, ಅಷ್ಟರಲ್ಲಿ ಫೀ ಕೊಟ್ಟು ಮುಗಿದಿತ್ತು.

ಹೋಗುವಾಗ ಉತಾರ (ಪಹಣಿ), ಸರ್ವೆ ನಕ್ಷೆ ಎರಡನ್ನೂ ಒಯ್ಯಿರಿ. ನಾವು ನಕ್ಷೆ ಮನೆಯಲ್ಲೇ ಬಿಟ್ಟು ಹೋಗಿದ್ದೆವು, ಅದಕ್ಕೇ ಕನ್ನಡಕದ ಡಬ್ಬಿ.