ಕನ್ಯಾಕದ ಕುರಿಗಳು, ‘ವಿಧಿ’ ಎಂಬ ಪದ

ಪ್ರಿಯ ಲೇಖಕರೇ,

ಅಡಿಲೇಡಿನಿಂದ ನೀವು ಕಳಿಸಿದ ‘ಕನ್ಯಾಕ’ ಲೇಖನ ಓದಿದೆ. ದಕ್ಷಿಣ ಆಸ್ಟ್ರೇಲಿಯಾದ ಫ್ಲಿಂಡರ್ಸ್ ಬೆಟ್ಟಸಾಲಿನಲ್ಲಿ ಪಾಳುಬಿದ್ದ ಆ ಕುರಿ ಸಾಕಣೆ ನೆಲೆಯ ಗೋಡೆಗಳ ನಡುವೆ ನೀವೇ ಓಡಾಡಿ ಬಂದಿದ್ದೀರಿ, ಇಸವಿಗಳೂ ಸರಿಯಾಗಿವೆ. ಸಂತೋಷ. ಆದರೆ ಮೂರನೇ ಪ್ಯಾರಾದ ಈ ಎರಡು ಸಾಲು ಎರಡು ದಿನದಿಂದ ನನ್ನನ್ನು ಬಿಟ್ಟಿಲ್ಲ:

“ಯಾರೂ ಇಲ್ಲದ ಬೆಂಗಾಡಿನಲ್ಲಿ ಒಂದು ಕುರಿ ನಿಲ್ದಾಣ ತಲೆಯೆತ್ತಿತು. ಆದರೆ ಕ್ರೂರ ವಿಧಿ ಅದನ್ನು ನುಂಗಿ ನೀರು ಕುಡಿಯಿತು.”

‘ಯಾರೂ ಇಲ್ಲದ’: ಅಡ್ನ್ಯಾಮತನಾ ಜನ ಆ ಬೆಟ್ಟಗಳಲ್ಲಿ ಸಾವಿರಾರು ವರ್ಷದಿಂದ ಇದ್ದಾರೆ. ಕನ್ಯಾಕ ಎಂಬ ಹೆಸರೇ ಅಲ್ಲಿನ ಮೂಲನಿವಾಸಿಗಳ ಮಾತಿನದು. ನಿಮ್ಮ ಶೀರ್ಷಿಕೆಯೇ ಈ ಸಾಲನ್ನು ಸುಳ್ಳು ಮಾಡುತ್ತದೆ.

‘ಕುರಿ ನಿಲ್ದಾಣ’: ನಿಲ್ದಾಣ ಅಂದರೆ ನಮಗೆ ಬಸ್ಸು, ರೈಲು. ಸ್ಟೇಷನ್ ಅಂತಲೇ ಬರೆಯಿರಿ, ಮೊದಲ ಸಲ ಬಿಡಿಸಿ ಹೇಳಿ: ಸರ್ಕಾರದಿಂದ ಗುತ್ತಿಗೆಗೆ ಪಡೆದ ನೂರಾರು ಚದರ ಮೈಲಿ ಮೇವಿನ ನೆಲ, ನಡುವೆ ಒಡೆಯನ ಮನೆ, ಆಳುಗಳ ಮನೆಗಳು, ಉಣ್ಣೆ ಕತ್ತರಿಸುವ ಉದ್ದನೆಯ ಕಲ್ಲುಕಟ್ಟಡ. ಅಮೃತಮಹಲ್ ಕಾವಲು ಕಂಡ ಓದುಗರಿಗೆ ಅಷ್ಟು ಸಾಕು.

ಇನ್ನು ‘ವಿಧಿ’. ನೀವೇ ಕೊಟ್ಟ ಸಂಗತಿಗಳನ್ನು ಸಾಲಾಗಿ ಇಟ್ಟು ನೋಡಿ. 1852ರಲ್ಲಿ ಹ್ಯೂ ಪ್ರಾಬಿ ನೆಲ ಹಿಡಿದ. ಅದೇ ವರ್ಷ ಆಗಸ್ಟಿನಲ್ಲಿ, 24ನೇ ವಯಸ್ಸಿಗೆ, ಉಕ್ಕಿದ ವಿಲೋಕ್ರಾ ಹಳ್ಳ ದಾಟಲು ಹೋಗಿ ಕುದುರೆಯ ಮೇಲಿಂದ ನೀರಿಗೆ ಕೊಚ್ಚಿಹೋದ. ಆಮೇಲೆ 70 ಕುಟುಂಬ ಬದುಕುವಷ್ಟು ಸ್ಟೇಷನ್ ಬೆಳೆಯಿತು. ಒಳ್ಳೆ ಮಳೆಯ ವರ್ಷಗಳನ್ನೇ ವಾಡಿಕೆ ಅಂತ ನಂಬಿ ಕುರಿಗಳ ಸಂಖ್ಯೆ ಏರಿಸಿದರು. 1864ರಲ್ಲಿ ಹಿಡಿದ ಬರದಲ್ಲಿ ಸುಮಾರು 20,000 ಕುರಿ ಸತ್ತವು. 1865ರಲ್ಲಿ ಸರ್ವೇಯರ್ ಜನರಲ್ ಜಾರ್ಜ್ ಗಾಯ್ಡರ್ ಕುದುರೆ ಏರಿ ಹೊರಟು, ಬರ ಎಲ್ಲಿಯವರೆಗೆ ಇಳಿದಿದೆ ಅಂತ ನೋಡಿ ನಕಾಶೆಯ ಮೇಲೆ ಗೆರೆ ಎಳೆದ. ಕನ್ಯಾಕ ಆ ಗೆರೆಯ ಉತ್ತರಕ್ಕಿದೆ, ಅಂದರೆ ಮಳೆಯನ್ನು ನಂಬಲಾಗದ ಕಡೆಗೆ. ಮಳೆಯ ಲೆಕ್ಕ ತಪ್ಪಿದ ಮನುಷ್ಯರನ್ನೆಲ್ಲ ನೀವು ‘ವಿಧಿ’ಯ ಹಿಂದೆ ಬಚ್ಚಿಟ್ಟಿದ್ದೀರಿ.

ಈ ಪದದ ಮೇಲೆ ನನಗೆ ಹಳೆಯ ಸಿಟ್ಟಿದೆ. ವಾರಪತ್ರಿಕೆಯೊಂದರಲ್ಲಿ ಕೆಲಸ ಕಲಿಯುತ್ತಿದ್ದಾಗ ಚಳ್ಳಕೆರೆ ಕಡೆಯ ಬರದ ಬಗ್ಗೆ ಬರೆದು, ‘ವಿಧಿಯಾಟ’ ಅಂತ ಮುಗಿಸಿದ್ದೆ. ಹಿರಿಯರು ಹಾಳೆ ವಾಪಸ್ ಕೊಟ್ಟು ಕೇಳಿದರು: “ಎಷ್ಟು ಕುರಿ ಸತ್ತವು? ಯಾರ ಹಟ್ಟಿಯವು? ಹೋಗಿ ಕೇಳಿಕೊಂಡು ಬಾ.” ರಾತ್ರಿ ಬಸ್ಸಿಗೇ ಹೊರಟೆ. ಹಟ್ಟಿಯಲ್ಲಿ ಒಬ್ಬ ಅಜ್ಜಿ ಮಾಡಿನಿಂದ ಕಂಬಳಿ ತುಂಡಿನ ಗಂಟೊಂದನ್ನು ಇಳಿಸಿ ಬಿಚ್ಚಿದರು. ಒಳಗೆ ಉಣ್ಣೆ ಕತ್ತರಿಸುವ ಕತ್ತರಿ, ಅಲಗಿಗೆ ಹೊಸದಾಗಿ ಎಣ್ಣೆ ಸವರಿತ್ತು. ಹಟ್ಟಿಯಲ್ಲಿ ಒಂದು ಕುರಿಯೂ ಉಳಿದಿರಲಿಲ್ಲ. “ತುಕ್ಕು ಹಿಡೀಬಾರದಲ್ಲಪ್ಪ” ಅಂದರು. ಆ ಕತ್ತರಿಯನ್ನಷ್ಟೇ ಬರೆದೆ. ಹಿರಿಯರು ಒಂದಕ್ಷರ ತಿದ್ದಲಿಲ್ಲ.

ನಿಮಗೂ ಅಂಥದ್ದೊಂದು ಸಿಕ್ಕಿದೆ. ಪ್ರಾಬಿಯ ಗೋರಿಗೆ ಅವನ ಒಡಹುಟ್ಟಿದವರು ಸ್ಕಾಟ್ಲೆಂಡಿನಿಂದ ಹಡಗಿನಲ್ಲಿ ತರಿಸಿ 1858ರಲ್ಲಿ ಹಾಕಿಸಿದ ಗ್ರಾನೈಟ್ ಚಪ್ಪಡಿ. ಅದರ ಮುಂದೆ ನಿಂತಿದ್ದೆ ಅಂತ ಬರೆದು ಮುಂದಕ್ಕೆ ಹೋಗಿಬಿಟ್ಟಿದ್ದೀರಿ. ಅಲ್ಲಿಂದಲೇ ಶುರು ಮಾಡಿ. ಕೈಯಿಟ್ಟಾಗ ಕಲ್ಲು ಸುಡುತ್ತಿತ್ತೇ? ಆ ದಿನ ಹಳ್ಳದಲ್ಲಿ ನೀರಿತ್ತೇ? ಬರೆದು ಕಳಿಸಿ, ಕಾಯುತ್ತಿರುತ್ತೇನೆ.