ರೆಕಾರ್ಡ್ ಆಗ್ತಿದೆ ಅಂತ ಫೋನೇ ಹೇಳಿದರೆ ಹೇಳಲಿ ಬಿಡಿ

ಪ್ರಶ್ನೆ: ಸರ್, ನಾನು ಖಡಕ್ ರೊಟ್ಟಿ ಮಾಡಿ ಮಾರುತ್ತೇನೆ. ಆರ್ಡರ್ ಎಲ್ಲಾ ಫೋನಿನಲ್ಲೇ. ಎಳ್ಳು ಅಮಾವಾಸ್ಯೆಗೆ ಒಬ್ಬರು 300 ಸಜ್ಜಿ ರೊಟ್ಟಿ ಹೇಳಿದರು. ಒಯ್ಯಲು ಬಂದಾಗ ‘ನಾ 200 ಅಂದಿದ್ದೆ’ ಅಂದರು. ಅದಕ್ಕೇ ಕಾಲ್ ರೆಕಾರ್ಡ್ ಮಾಡಲು ಶುರು ಮಾಡಿದೆ. ಆದರೆ ಬಟನ್ ಒತ್ತಿದ ಕೂಡಲೇ ಈ ಕರೆ ರೆಕಾರ್ಡ್ ಆಗುತ್ತಿದೆ ಅಂತ ಇಂಗ್ಲಿಷಿನಲ್ಲಿ ಒಂದು ದನಿ ಬರುತ್ತದೆ. ಗಿರಾಕಿಗಳು ‘ಯಾಕ್ರೀ ಅಕ್ಕಾರ, ಏನರ ಪೊಲೀಸ್ ಕೇಸೇನು?’ ಅಂತ ಗಾಬರಿ ಆಗುತ್ತಾರೆ. ದನಿ ಬಾರದ ಆ್ಯಪ್ ಹಾಕಿಕೊಡುತ್ತೇನೆ ಅನ್ನುತ್ತಾನೆ ಮಗ. ಹಾಕಿಸಲೇ?
– ರೊಟ್ಟಿ ಕೇಂದ್ರದ ಓದುಗರು, ಗದಗ-ಬೆಟಗೇರಿ

ಉತ್ತರ: ಬೇಡ ಅಕ್ಕಾರ. ಮಗನ ಉತ್ಸಾಹ ಒಳ್ಳೆಯದು, ಆ ಆ್ಯಪ್ ಒಳ್ಳೆಯದಲ್ಲ.

ಮೊದಲು ಪ್ಲೇ ಸ್ಟೋರ್‌ನಲ್ಲಿ ಇಂಥ ಆ್ಯಪ್‌ಗಳು ರಾಶಿ ಇದ್ದವು. ಆಂಡ್ರಾಯ್ಡ್ ಹೊಸದಾದಂತೆಲ್ಲ ಗೂಗಲ್ ಒಂದೊಂದೇ ದಾರಿ ಮುಚ್ಚುತ್ತಾ ಬಂತು. ಕೊನೆಗೆ ಉಳಿದದ್ದು ಆ್ಯಕ್ಸೆಸಿಬಿಲಿಟಿ ಅನ್ನುವ ಅನುಮತಿ. ಅದನ್ನು ಇಟ್ಟದ್ದು ಕಣ್ಣು ಕಾಣದವರಿಗೆ, ಕೈ ಬಳಸಲಾಗದವರಿಗೆ ಅನುಕೂಲ ಆಗಲಿ ಅಂತ. ಅದನ್ನೂ ಕಾಲ್ ರೆಕಾರ್ಡಿಂಗಿಗೆ ಬಳಸಬಾರದು ಅಂತ 2022ರ ಮೇ 11ರಿಂದ ನಿಯಮ ಬಂತು. ಟ್ರೂಕಾಲರ್ ಕೂಡ ಆಗ ರೆಕಾರ್ಡಿಂಗ್ ತೆಗೆಯಿತು. ಹಾಗಾಗಿ ನಿಮ್ಮ ಮಗ ತರುವುದು ಬಹುಶಃ ಪ್ಲೇ ಸ್ಟೋರಿನ ಹೊರಗಿನ ಎಪಿಕೆ, ಅಂದರೆ ಆ್ಯಪನ್ನು ನೇರವಾಗಿ ಫೋನಿಗೆ ಹಾಕುವ ಫೈಲು. ಹಾಕಿದ ಕೂಡಲೇ ಅದು ಕೇಳುವುದೂ ಇದೇ ಅನುಮತಿಯನ್ನೇ. ಕೊಟ್ಟಿರೋ, ಪರದೆಯ ಮೇಲೆ ಬಂದದ್ದನ್ನೆಲ್ಲ ಅದು ಓದಬಹುದು. ಓಟಿಪಿ ಬಂದರೂ ಕಾಣುತ್ತದೆ. ನಿಮ್ಮ ಬದಲು ತಾನೇ ಬಟನ್ ಒತ್ತಬಹುದು. ರೊಟ್ಟಿಯ ದುಡ್ಡೆಲ್ಲ ಬರುವುದು ಅದೇ ಫೋನಿಗೆ ಅಲ್ವಾ?

ನಿಮಗೆ ಕೇಳುವ ದನಿ ಗೂಗಲ್‌ನ ಫೋನ್ ಆ್ಯಪಿನದು. ರೆಡ್ಮಿ, ರಿಯಲ್‌ಮಿಯಂಥ ಬಹಳ ಫೋನುಗಳಲ್ಲಿ ಕಂಪನಿಯವರೇ ಅದನ್ನು ಹಾಕಿ ಕೊಟ್ಟಿರುತ್ತಾರೆ. ಸ್ಯಾಮ್‌ಸಂಗ್‌ನ ಸ್ವಂತ ಡಯಲರ್ (ಕರೆ ಮಾಡುವ ಆ್ಯಪ್) ನಮ್ಮ ದೇಶದಲ್ಲಿ ಸುಮ್ನೆ ರೆಕಾರ್ಡ್ ಮಾಡಿಕೊಳ್ಳುತ್ತದೆ, ದನಿ ಇಲ್ಲ. ಐಫೋನಿನಲ್ಲಿ 2024ರ ಅಕ್ಟೋಬರಿನಲ್ಲಿ ಈ ಸೌಲಭ್ಯ ಬಂತು, ಅದು ಹೇಳಿಯೇ ಶುರು ಮಾಡುತ್ತದೆ. ಇದಕ್ಕಾಗಿ ಫೋನ್ ಬದಲಿಸಿ ಅಂತ ನಾನು ಹೇಳುತ್ತಿಲ್ಲ.

ನನ್ನ ಕೇಳಿದರೆ ಆ ದನಿ ಇರಲಿ. ನಾನು ಟೆಲಿಫೋನ್ ಇಲಾಖೆಯಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಪರ ಊರಿಗೆ ಆಪರೇಟರ್ ಮೂಲಕ ಮಾಡುವ ಟ್ರಂಕ್ ಕಾಲ್ ಇದ್ದಾಗ ಮಾತಿನ ನಡುವೆ ಆಪರೇಟರ್ ಬಂದು ‘ಮೂರು ನಿಮಿಷ ಆಯ್ತು’ ಅನ್ನುತ್ತಿದ್ದರು. ಮೊದಮೊದಲು ಜನ ಬೆಚ್ಚುತ್ತಿದ್ದರು, ಆಮೇಲೆ ‘ಇನ್ನೊಂದ್ ಮೂರು ನಿಮಿಷ ಕೊಡ್ರಿ’ ಅಂತ ಅವರಿಗೇ ಹೇಳಿ ಮಾತು ಮುಂದುವರಿಸುತ್ತಿದ್ದರು. ನಿಮ್ಮ ಗಿರಾಕಿಗಳಿಗೂ ರೂಢಿ ಆಗುತ್ತದೆ. ಬಟನ್ ಒತ್ತುವ ಮೊದಲೇ ಹೇಳಿಬಿಡಿ: ‘ಕಾಕಾರ, ಆರ್ಡರ್ ತಪ್ಪಬಾರ್ದಂತ ರೆಕಾರ್ಡ್ ಹಾಕ್ತೀನ್ರಿ, ಒಂದ್ ದನಿ ಬರ್ತದ, ಗಾಬರಿ ಆಗಬ್ಯಾಡ್ರಿ.’ ಕೇಳಿಯೂ ಆರ್ಡರ್ ಕೊಟ್ಟವರು ನಾಳೆ ‘ಕದ್ದು ರೆಕಾರ್ಡ್ ಮಾಡಿದಿ’ ಅನ್ನುವ ಹಾಗಿಲ್ಲ.

ತಾನು ಮಾತಾಡಿದ ಕರೆಯನ್ನು ತಾನೇ ರೆಕಾರ್ಡ್ ಮಾಡಿಕೊಂಡರೆ ಅಪರಾಧ ಅನ್ನುವ ಕಾನೂನು ನಮ್ಮಲ್ಲಿಲ್ಲ. ಟೇಪ್ ಆದ ಫೋನ್ ಮಾತನ್ನು ಸುಪ್ರೀಂ ಕೋರ್ಟ್ 1972ರಲ್ಲೇ, ಆರ್.ಎಂ. ಮಲ್ಕಾನಿ ಪ್ರಕರಣದಲ್ಲಿ, ಸಾಕ್ಷ್ಯ ಅಂತ ಒಪ್ಪಿದೆ. ಆದರೆ ದನಿ ಯಾರದು ಅಂತ ಖಾತ್ರಿ ಆಗಬೇಕು, ಟೇಪು ತಿದ್ದಿರಬಾರದು. ಈಗ, 2024ರ ಜುಲೈ 1ರಿಂದ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಕಾರ, ರೆಕಾರ್ಡಿಂಗ್ ಯಾವ ಫೋನಿನದು, ಹೇಗೆ ಆಯ್ತು ಅನ್ನುವ ಪ್ರಮಾಣಪತ್ರವನ್ನೂ ಜೊತೆಗೆ ಕೊಡಬೇಕು. ನೂರು ರೊಟ್ಟಿಗೆ ಯಾರೂ ಕೋರ್ಟಿಗೆ ಹೋಗುವುದಿಲ್ಲ, ಆ ಮಾತು ಬೇರೆ! ಆದರೆ ಸಿಟ್ಟು ಬಂತು ಅಂತ ಯಾರದೋ ಮಾತನ್ನು ವಾಟ್ಸಾಪ್ ಗ್ರೂಪಿಗೆ ಹಾಕಬೇಡಿ. ನಿಮ್ಮ ಹತ್ತಿರ ಇಟ್ಟುಕೊಳ್ಳುವುದು ಬೇರೆ, ಊರಿಗೆ ಕೇಳಿಸುವುದು ಬೇರೆ.

ರೆಕಾರ್ಡಿಂಗಿಗಿಂತ ಜಾಸ್ತಿ ಉಪಯೋಗ ಆಗುವುದು ಇದು. ಫೋನ್ ಇಡುವ ಮೊದಲು ಎಲ್ಲಾ ಒಮ್ಮೆ ನೀವೇ ಹೇಳಿ: ‘ಸಜ್ಜಿ 300, ಜೋಳದ್ದು 100, ಗುರೆಳ್ಳು ಚಟ್ನಿ ಒಂದ್ ಕಿಲೋ, ಶುಕ್ರವಾರ ಮುಂಜಾನೆ. ಹೌದಲ್ರೀ?’ ಅವರು ‘ಹೂಂ’ ಅನ್ನಬೇಕು. ಅದನ್ನೇ ವಾಟ್ಸಾಪಿಗೂ ಬರೆದು ಹಾಕಿ, ಸ್ವಲ್ಪ ಅಡ್ವಾನ್ಸ್ ಹಾಕಿಸಿಕೊಳ್ಳಿ. ದುಡ್ಡು ಕೊಟ್ಟವರಿಗೆ ನೆನಪು ಚೆನ್ನಾಗಿರುತ್ತದೆ.

ಗೂಗಲ್ ಆ್ಯಪಿನ ರೆಕಾರ್ಡಿಂಗ್ ಬೇಕಾದಾಗ ಫೈಲುಗಳಲ್ಲಿ ಹುಡುಕಬೇಡಿ. ಫೋನ್ ಆ್ಯಪ್ ತೆರೆದು, ಕರೆಗಳ ಪಟ್ಟಿಯಲ್ಲಿ ಆ ಕರೆಯನ್ನೇ ಒತ್ತಿ, ಅಲ್ಲೇ ಇರುತ್ತದೆ. ಕೆಲವು ದಿನಕ್ಕೆ ತಾನೇ ಅಳಿಸುವ ಆಯ್ಕೆ ಸೆಟ್ಟಿಂಗ್‌ನಲ್ಲಿದೆ, ಹೇಗಿಟ್ಟಿದ್ದೀರಿ ನೋಡಿಕೊಳ್ಳಿ. ಮತ್ತೆ, ವಾಟ್ಸಾಪ್‌ನಲ್ಲೇ ಮಾಡಿದ ಕಾಲ್ ಇದರಲ್ಲಿ ರೆಕಾರ್ಡ್ ಆಗುವುದಿಲ್ಲ.

ಪ್ರಶ್ನೆ: ಮಗಳು ಧಾರವಾಡದಲ್ಲಿ ಓದುತ್ತಾಳೆ, ಪಿಜಿಯಲ್ಲಿ ಇದ್ದಾಳೆ. ಯಾವುದೋ ನಂಬರಿನಿಂದ ಕಾಟ ಇದೆ ಅನ್ನುವ ಅನುಮಾನ, ಕೇಳಿದರೆ ಹೇಳುವುದಿಲ್ಲ. ಅವಳಿಗೆ ಗೊತ್ತಾಗದಂತೆ ಅವಳ ಕಾಲ್ ನನಗೆ ಕೇಳುವ ಆ್ಯಪ್ ಇದೆಯೇ?
– ಒಬ್ಬ ತಂದೆ, ರಾಣೆಬೆನ್ನೂರು

ಉತ್ತರ: ಇದ್ದರೂ ಹೆಸರು ಹೇಳುವುದಿಲ್ಲ ರಾಯರೇ. ಮೇಲಿನ ಅಕ್ಕಾರು ರೆಕಾರ್ಡ್ ಮಾಡುವುದು ತಮ್ಮದೇ ಮಾತನ್ನು. ನೀವು ಕೇಳಹೊರಟಿರುವುದು ಇನ್ನಿಬ್ಬರ ಮಾತನ್ನು. ಬೇರೆಯವರ ಫೋನಿಗೆ ಒಪ್ಪಿಗೆ ಇಲ್ಲದೆ ಇಂಥದ್ದು ತುರುಕಿದರೆ ಐಟಿ ಕಾಯ್ದೆಯ 66ನೇ ಕಲಮಿನಲ್ಲಿ ಮೂರು ವರ್ಷದವರೆಗೆ ಜೈಲು ಆಗಬಹುದು. ಅಪ್ಪ ಅಂತ ವಿನಾಯಿತಿ ಇಲ್ಲ. ನಿಮಗೆ ಹೇಳಲು ಅವಳಿಗೆ ಸಂಕೋಚ ಇದ್ದರೆ ಅವಳ ಅವ್ವನೋ ಅಕ್ಕನೋ ಒಂದು ದಿನ ಧಾರವಾಡಕ್ಕೆ ಹೋಗಿ ಬರಲಿ. ಕಾಟ ನಿಜವಾಗಿದ್ದರೆ ಅವಳ ಫೋನಿನಲ್ಲಿ ಅವಳೇ ಸೆಟ್ ಮಾಡಿಕೊಳ್ಳಲಿ. ಸೇವ್ ಮಾಡದ ನಂಬರುಗಳ ಕರೆಯನ್ನು ತಾನಾಗಿ ರೆಕಾರ್ಡ್ ಮಾಡುವ ಆಯ್ಕೆ ಗೂಗಲ್ ಫೋನ್ ಆ್ಯಪಿನಲ್ಲಿದೆ. ಆ ದನಿ ಕೇಳಿದರೆ ಕಾಟ ಕೊಡುವವನು ಅರ್ಧಕ್ಕೇ ಫೋನ್ ಇಟ್ಟಾನು. ಇಡದಿದ್ದರೆ ದೂರು ಕೊಡಲು ರೆಕಾರ್ಡಿಂಗ್ ಅವಳ ಕೈಯಲ್ಲೇ ಇರುತ್ತದೆ.