ಪ್ಯಾರ್ಟ್ ನಿಯಮದಂತೆ ಕನ್ನಡ ಸಾಲು ಕೂರಿಸಿದರೆ ರಿ–ಗ ತಿಕ್ಕಾಡುತ್ತಿದೆ, ಯಾವ ಸ್ವರ ಬದಲಿಸಲಿ?

ಯಾವುದನ್ನೂ ಬದಲಿಸಬೇಡಿ. ನಾನು ಬದಲಿಸಿದ್ದೆ, ಒಂದೆರಡಲ್ಲ, 11 ಕಡೆ.

ಎಸ್ಟೋನಿಯಾದ ಆರ್ವೊ ಪ್ಯಾರ್ಟ್ ಅವರ ಟಿಂಟಿನಾಬುಲಿ ಪದ್ಧತಿಯಲ್ಲಿ ಕನ್ನಡ ಪದ್ಯಕ್ಕೆ ಕಾಯರ್ (ಮೇಳದಲ್ಲಿ ಹಾಡುವ ಕೃತಿ) ಬರೆಯುತ್ತಿದ್ದೀರಿ, ನಿಯಮದ ಪ್ರಕಾರ ಹೋದರೆ ಪದಪದಕ್ಕೂ ಎರಡು ಸ್ವರ ಒಂದರ ಮೇಲೊಂದು ಬಿದ್ದು ಕಿವಿಗೆ ಚುಚ್ಚುತ್ತದೆ, ಹಾಡುವವರು ಗೊಣಗುತ್ತಿದ್ದಾರೆ, ಎರಡನೇ ದನಿಯ ಬದಲು ಶ್ರುತಿಪೆಟ್ಟಿಗೆ ಇಟ್ಟರೆ ಆದೀತೇ ಎಂದೂ ಕೇಳಿದ್ದೀರಿ. ನಮ್ಮ 16 ಜನರ ಮೇಳದಲ್ಲೂ ಇದೇ ಗೊಣಗಾಟ. ಆಲ್ಟೊದವರು (ಕೆಳದನಿಯ ಹೆಂಗಸರು) ಅಪಸ್ವರ ಹಾಡ್ತಾರೆ ಅಂತ ಸೊಪ್ರಾನೊದವರು (ಮೇಲ್ದನಿಯ ಹೆಂಗಸರು), ಬರೆದದ್ದನ್ನೇ ಹಾಡ್ತಿದ್ದೀವಿ ಅಂತ ಆಲ್ಟೊದವರು. ನಾನು ರಬ್ಬರ್ ಕೈಗೆ ತೆಗೆದುಕೊಂಡೆ. ಕೆಟ್ಟದ್ದು ಅಲ್ಲೇ.

ಏನು ಕೆಟ್ಟಿತು ಅನ್ನುವುದಕ್ಕೆ ನಿಯಮವನ್ನು ಸ್ವರದಲ್ಲೇ ಇಟ್ಟು ನೋಡಬೇಕು. ಎರಡು ದನಿ. ಒಂದು, ಮೆಟ್ಟಿಲು ಹತ್ತಿ ಇಳಿದ ಹಾಗೆ ಪಕ್ಕದ ಸ್ವರಕ್ಕೆ ಮಾತ್ರ ಹೋಗುವ ಎಂ-ದನಿ. ಇನ್ನೊಂದು ಸ, ಗ, ಪ ಈ ಮೂರನ್ನು ಬಿಟ್ಟು ಬೇರೆಲ್ಲೂ ಕಾಲಿಡದ ಟಿ-ದನಿ. ಟಿಂಟಿನಾಬುಲಮ್ ಅಂದರೆ ಲ್ಯಾಟಿನ್‌ನಲ್ಲಿ ಪುಟ್ಟ ಗಂಟೆ, ಆ ಗಂಟೆ ಇದೇ. ನಟಭೈರವಿ ರಾಗದ ಸ್ವರಗಳನ್ನು ತೆಗೆದುಕೊಳ್ಳಿ. ಟಿ-ದನಿ ಯಾವಾಗಲೂ ಎಂ-ದನಿಗಿಂತ ಮೇಲೆ, ಸಿಗುವ ಅತಿ ಹತ್ತಿರದ ಸ್ವರದಲ್ಲಿ ಇರಬೇಕು ಎಂದು ಗೊತ್ತು ಮಾಡಿದರೆ ಎಂ-ದನಿಯ ಸ ಮೇಲೆ ಗ, ರಿ ಮೇಲೆ ಗ, ಗ ಮೇಲೆ ಪ, ಮ ಮೇಲೆ ಪ, ಪ ಮೇಲೆ ತಾರ ಸ (ಮೇಲಿನ ಸ್ಥಾಯಿಯ ಸ). ಇಬ್ಬರೂ ಒಂದೇ ಸ್ವರಕ್ಕೆ ಬರುವಂತಿಲ್ಲ. ಎಂ-ದನಿಗೆ ನಾಲ್ಕು ದಾರಿ: ನಡುವಿನ ಸ್ವರದಿಂದ (ಕೇಂದ್ರವಾಗಿ ಇಟ್ಟುಕೊಂಡ ಸ್ವರ, ಇಲ್ಲಿ ಸ) ಹೊರಟು ಮೇಲಕ್ಕೆ, ಹೊರಟು ಕೆಳಕ್ಕೆ, ಮೇಲಿನಿಂದ ಇಳಿದು ನಡುವಿಗೆ, ಕೆಳಗಿನಿಂದ ಹತ್ತಿ ನಡುವಿಗೆ. ಪದದಲ್ಲಿ ಎಷ್ಟು ಅಕ್ಷರವೋ ಅಷ್ಟೇ ಸ್ವರ. ಅಕ್ಷರ ಅಂದರೆ ಛಂದಸ್ಸಿನ ಲೆಕ್ಕದ ಅಕ್ಷರ.

ಒಂದು ಸಾಲು ಹಾಕಿ ನೋಡೋಣ: "ದೀಪ ಆರಿದ ಮೇಲೆ ಮನೆ ದೊಡ್ಡದಾಯಿತು." ಅಕ್ಷರ 2, 3, 2, 2, 5. ಮೇಲಿನಿಂದ ಇಳಿದು ಸ ಮುಟ್ಟುವ ದಾರಿ ಹಿಡಿದರೆ ದೀಪ ರಿ-ಸ, ಆರಿದ ಗ-ರಿ-ಸ, ಮೇಲೆ ರಿ-ಸ, ಮನೆ ರಿ-ಸ, ದೊಡ್ಡದಾಯಿತು ಪ-ಮ-ಗ-ರಿ-ಸ. ಟಿ-ದನಿ ಕ್ರಮವಾಗಿ ಗ-ಗ, ಪ-ಗ-ಗ, ಗ-ಗ, ಗ-ಗ, ತಾರಸ-ಪ-ಪ-ಗ-ಗ. ಪ್ರತಿ ಪದದ ಕೊನೆಯಿಂದ ಎರಡನೇ ಅಕ್ಷರದಲ್ಲಿ ರಿ ಮತ್ತು ಗ ಒಟ್ಟಿಗೆ. ನಟಭೈರವಿಯಲ್ಲಿ ಚತುಶ್ರುತಿ ರಿಷಭಕ್ಕೂ ಸಾಧಾರಣ ಗಾಂಧಾರಕ್ಕೂ ನಡುವೆ ಅರ್ಧ ಸ್ವರದ ಅಂತರ ಮಾತ್ರ. ಚುಚ್ಚದೆ ಇನ್ನೇನು ಮಾಡೀತು?

ನಾನು ರಿ ಬಂದಲ್ಲೆಲ್ಲ ಟಿ-ದನಿಯ ಗ ಅಳಿಸಿ ಪ ಬರೆದೆ. ರಿ–ಪ ಹಿತವಾಗಿ ಕೂಡುತ್ತದೆ, ಚುಚ್ಚು ಮಾಯ. ಎಲ್ಲರಿಗೂ ಖುಷಿ. ಆದರೆ ದೀಪ ಪದದಲ್ಲಿ ಏನಾಯಿತು ನೋಡಿ. ಮೊದಲು ಟಿ-ದನಿ ಗ-ಗ ಎಂದು ನಿಂತಿತ್ತು, ಎಂ-ದನಿ ರಿ-ಸ ಎಂದು ಅದರಿಂದ ಬಿಡಿಸಿಕೊಂಡು ಇಳಿಯುತ್ತಿತ್ತು. ರಿಯಲ್ಲಿ ಉಸಿರು ಬಿಗಿ, ಸದಲ್ಲಿ ಸಡಿಲ, ಪದ ಮುಗಿಯಿತು ಎಂದು ಕಿವಿಗೆ ತಿಳಿಯುತ್ತಿದ್ದದ್ದು ಹಾಗೆ. ನನ್ನ ತಿದ್ದುಪಡಿಯ ನಂತರ ಎಂ-ದನಿ ರಿ-ಸ, ಟಿ-ದನಿ ಪ-ಗ. ಎರಡೂ ಕೈಕೈ ಹಿಡಿದು ಒಟ್ಟಿಗೆ ಇಳಿಯುತ್ತವೆ. ಬಿಗಿ ಇಲ್ಲ, ಹಾಗಾಗಿ ಸಡಿಲವೂ ಇಲ್ಲ. ಐದು ಪದದ ಸಾಲು ಒಂದು ಉದ್ದದ ಜೋಗುಳದಂತೆ ಹರಿದುಹೋಯಿತು, ಎಲ್ಲಿ ಪದ ಮುಗಿಯಿತು ಎಂಬುದೇ ಇಲ್ಲ. ಪ್ಯಾರ್ಟ್ ಅವರ ಹೆಂಡತಿ ನೋರಾ ಈ ಪದ್ಧತಿಯನ್ನು ಒಂದಕ್ಕೆ ಒಂದು ಕೂಡಿದರೆ ಒಂದು ಎಂದು ವಿವರಿಸಿದ್ದಾರೆ. ನನ್ನದು ಬರೀ ಎರಡಾಗಿ ಉಳಿಯಿತು.

ಎರಡನೇ ಏಟು ಶ್ರುತಿಗೆ. ವಾದ್ಯವಿಲ್ಲದೆ ಹಾಡುವ ಮೇಳಕ್ಕೆ ಆ ಗ-ಗ ಎಂಬ ಅಲುಗದ ಸ್ವರವೇ ಗೂಟ. ಪದ ಪದಕ್ಕೂ ಟಿ-ದನಿಯ ಸೊಪ್ರಾನೊದವರು ಅದೇ ಗಾಂಧಾರವನ್ನು ಮತ್ತೆ ಹಿಡಿಯುತ್ತಾರೆ, ಉಳಿದವರು ಅದಕ್ಕೆ ಆತುಕೊಳ್ಳುತ್ತಾರೆ. ನಾನು ಗೂಟ ಕಿತ್ತು ಅದನ್ನೂ ನಡೆಸಿದೆ. ಮೂರನೇ ಪದ್ಯ ಮುಗಿಯುವಷ್ಟರಲ್ಲಿ ಮೇಳ ಅರ್ಧ ಸ್ವರ ಕೆಳಗೆ ಬಂದಿರುತ್ತಿತ್ತು. ಮೂರನೆಯದು ನೆನಪಿನ ಪೆಟ್ಟು. ನಿಯಮ ಇದ್ದಾಗ ಸೊಪ್ರಾನೊದವರು ಎಂ-ದನಿ ಕೇಳಿಕೊಂಡೇ ತಮ್ಮ ಸ್ವರ ಲೆಕ್ಕ ಹಾಕಬಹುದಿತ್ತು. 11 ಕಡೆ ಅಪವಾದ ಬಂದ ಮೇಲೆ ಪ್ರತಿಯೊಂದನ್ನೂ ಬಾಯಿಪಾಠ ಮಾಡಬೇಕಾಯಿತು, ಅವರು ಮಾಡಲಿಲ್ಲ, ಕೆಲವರು ಹಳೆಯದು ಕೆಲವರು ಹೊಸದು ಹಾಡಿದರು. ಆರು ವಾರದ ಅಭ್ಯಾಸದ ನಂತರ ಅದನ್ನು ಕಾರ್ಯಕ್ರಮದಿಂದಲೇ ತೆಗೆದೆವು.

ಆಮೇಲೆ ಕಣ್ಣಿಗೆ ಬಿದ್ದದ್ದು 1976ರ ಫ್ಯೂರ್ ಅಲೀನಾದ ಒಂದು ಸ್ವರ. ಈ ಪದ್ಧತಿ ಹೊರಬಿದ್ದದ್ದೇ ಆ ಪುಟ್ಟ ಪಿಯಾನೊ ಕೃತಿಯಲ್ಲಿ. 15 ಪಟ್ಟಿ, ಅಷ್ಟೇ. ಎಡಗೈ ಉದ್ದಕ್ಕೂ ಸ, ಗ, ಪ ಬಿಟ್ಟು ಬೇರೆ ನುಡಿಸುವುದಿಲ್ಲ. 11ನೇ ಪಟ್ಟಿಯಲ್ಲಿ ಒಂದೇ ಒಂದು ಸಲ ನಿಯಮ ಮುರಿದು, ನಮ್ಮ ಲೆಕ್ಕದಲ್ಲಿ ಹೇಳುವುದಾದರೆ, ರಿ ನುಡಿಸುತ್ತದೆ. ಆ ಜಾಗದಲ್ಲಿ ಪ್ಯಾರ್ಟ್ ಒಂದು ಹೂವಿನ ಚಿತ್ರ ಬರೆದಿದ್ದಾರೆ. ಇಡೀ ಕೃತಿಗೆ ಒಂದು ಹೂವು. ನಾನು ಒಂದು ಪುಟಕ್ಕೆ 11 ಹೂವು ಮುಡಿಸಿದ್ದೆ.

ಆ ಮನುಷ್ಯ ಈ ನಿಯಮಕ್ಕೆ ಬಂದದ್ದು ಸುಲಭದ ದಾರಿ ಹುಡುಕಿಯೂ ಅಲ್ಲ. 1935ರಲ್ಲಿ ಪೈಡೆಯಲ್ಲಿ ಹುಟ್ಟಿ, ರಾಕ್‌ವೆರೆಯಲ್ಲಿ ಬೆಳೆದು, ಟ್ಯಾಲಿನ್‌ನಲ್ಲಿ ಹೈನೊ ಎಲ್ಲರ್ ಬಳಿ ಕಲಿತವರು. 1958ರಿಂದ 1967ರವರೆಗೆ ಎಸ್ಟೋನಿಯಾ ರೇಡಿಯೊದಲ್ಲಿ ಧ್ವನಿಮುದ್ರಣದ ಕೆಲಸ. 1960ರ ನೆಕ್ರೊಲಾಗ್ ಎಂಬ ಕೃತಿಯಲ್ಲಿ ಹನ್ನೆರಡು ಸ್ವರದ ಪದ್ಧತಿ ಬಳಸಿ ಸೋವಿಯತ್ ಸಂಗೀತದ ದೊಡ್ಡವರಿಂದ ಬೈಸಿಕೊಂಡರು. 1968ರ ಕ್ರೆಡೊ ಎಂಬ ಕೃತಿ ಕ್ರಿಸ್ತನ ಮೇಲಿನ ನಂಬಿಕೆಯನ್ನು ಬಾಯಿಬಿಟ್ಟು ಹೇಳಿದ್ದಕ್ಕೆ ರಗಳೆಯಾಯಿತು. ಅಲ್ಲಿಂದ 1976ರವರೆಗೆ ಸುಮಾರು ಎಂಟು ವರ್ಷ, 1971ರ ಮೂರನೇ ಸಿಂಫನಿಯಂಥ ಕೆಲವನ್ನು ಬಿಟ್ಟರೆ, ಹೆಚ್ಚುಕಡಿಮೆ ಮೌನ. ಗ್ರೆಗೋರಿಯನ್ ಎಂದು ಕರೆಯುವ ಚರ್ಚಿನ ಹಳೆಯ ಒಂಟಿ ದನಿಯ ಹಾಡುಗಳನ್ನು ಓದುವುದು, ನೋಟ್‌ಬುಕ್ಕು ತುಂಬ ಒಂಟಿ ಸಾಲಿನ ಸ್ವರ ಬರೆಯುವುದು. 1980ರ ಜನವರಿಯಲ್ಲಿ ಸಂಸಾರ ಸಮೇತ ದೇಶ ಬಿಟ್ಟು ವಿಯೆನ್ನಾ, ಮರುವರ್ಷ ಬರ್ಲಿನ್. ತಿರುಗಿ ಬಂದದ್ದು 2010ರಲ್ಲಿ. ನಾವು ಒಂದು ಭಾನುವಾರ ಮಧ್ಯಾಹ್ನ ಲೆಕ್ಕ ಕಲಿತು ಸಂಜೆಗೆ ತಿದ್ದಲು ಕೂರುತ್ತೇವೆ.

ಹಾಗಾದರೆ ಚುಚ್ಚುವುದನ್ನು ಏನು ಮಾಡುವುದು? ಬದಲಿಸುವುದಾದರೆ ನಿಯಮವನ್ನು ಬದಲಿಸಿ, ಒಂದು ಸ್ವರವನ್ನಲ್ಲ, ಅದೂ ಒಂದು ಪದ್ಯಭಾಗಕ್ಕೆ ಪೂರ್ತಿ. ಟಿ-ದನಿಯನ್ನು ಅತಿ ಹತ್ತಿರದ ಸ್ವರದ ಬದಲು ಅದರಾಚೆಯ ಎರಡನೇ ಸ್ವರಕ್ಕೆ ಕಳಿಸಿದರೆ ಸ ಮೇಲೆ ಪ, ರಿ ಮೇಲೆ ಪ, ಗ ಮೇಲೆ ತಾರ ಸ, ಮ ಮೇಲೆ ತಾರ ಸ, ಪ ಮೇಲೆ ತಾರ ಗ. ಇದರಲ್ಲಿ ತಿಕ್ಕಾಟ ಒಂದೂ ಇಲ್ಲ. ಮೊದಲ ಭಾಗಕ್ಕೆ ಇದು ಒಳ್ಳೆಯದು, ಹಾಡುವವರ ಕಿವಿ ಪಳಗುತ್ತದೆ. ರಿ-ಸ ಎಂಬ ಪದದಲ್ಲಿ ಟಿ-ದನಿ ಪ-ಪ ಎಂದು ನಿಂತೇ ಇರುವುದರಿಂದ ಗೂಟವೂ ಉಳಿಯುತ್ತದೆ. ನನ್ನ ಪಕ್ಕಾ ಎಡವಟ್ಟು ಅಲ್ಲಿದೆ ನೋಡಿ: ರಿ ಮೇಲೆ ಪ ಇಟ್ಟದ್ದು ತಪ್ಪಲ್ಲ, ಸ ಮೇಲೆ ಗ ಉಳಿಸಿಕೊಂಡು ರಿ ಮೇಲೆ ಮಾತ್ರ ಪ ಇಟ್ಟದ್ದು ತಪ್ಪು. ಟಿ-ದನಿಯನ್ನು ಕೆಳಗಿಳಿಸಿದರೆ ಸ ಕೆಳಗೆ ಮಂದ್ರ ಪ, ರಿ ಕೆಳಗೆ ಸ, ಗ ಕೆಳಗೂ ಸ, ಮ ಕೆಳಗೆ ಗ, ಪ ಕೆಳಗೆ ಗ. ತಿಕ್ಕಾಟ ಇರುತ್ತದೆ, ಆದರೆ ರಿ–ಸ, ಮ–ಗ ಎರಡೂ ಪೂರ್ಣ ಸ್ವರದ ಅಂತರ, ಮೆತ್ತಗೆ ಇರುತ್ತದೆ. ನಿಯಮ ಹಾಗೇ ಇಟ್ಟು ಸ್ಥಾಯಿ ಬದಲಿಸುವುದೂ ಉಂಟು. ಎಂ-ದನಿ ಹೆಂಗಸರಿಗೆ, ಟಿ-ದನಿ ಒಂದು ಸ್ಥಾಯಿ ಕೆಳಗೆ ಗಂಡಸರಿಗೆ ಕೊಟ್ಟರೆ ಅದೇ ರಿ–ಗ ಅಗಲವಾಗಿ ಹರಡಿಕೊಂಡು ಚುಚ್ಚುವ ಬದಲು ಮಿನುಗುತ್ತದೆ.

ನಿಮ್ಮವರು ಎಲ್ಲಾ ಕಡೆ ಗೊಣಗುತ್ತಿಲ್ಲ, ಗಮನಿಸಿ. ನಮ್ಮ ಸಾಲಿನಲ್ಲಿ ದೂರು ಬಂದದ್ದು ದೀ ಮತ್ತು ಮೇ ಮೇಲೆ ಮಾತ್ರ. ಎರಡೂ ಗುರು, ತಿಕ್ಕಾಟ ಎರಡು ಮಾತ್ರೆ ನಿಲ್ಲುತ್ತದೆ. ಆರಿದ, ಮನೆ, ದೊಡ್ಡದಾಯಿತು ಪದಗಳಲ್ಲಿ ಅದು ಲಘುವಿನ ಮೇಲೆ ಬಿದ್ದು ಒಂದು ಮಾತ್ರೆಯಲ್ಲಿ ದಾಟಿಹೋಗುತ್ತದೆ, ಯಾರೂ ಗುರುತಿಸಲೇ ಇಲ್ಲ. ಹಾಗೆಂದು ಗುರುವನ್ನು ಮೊಟಕು ಮಾಡಲು ಹೋಗಬೇಡಿ. ಎಲ್ಲಾ ಅಕ್ಷರಕ್ಕೂ ಸಮ ಉದ್ದ ಕೊಟ್ಟರೆ ಕನ್ನಡದಲ್ಲಿ ಬಳೆ ಬಾಳೆಯಾಗುತ್ತದೆ, ಮರಿ ಮಾರಿಯಾಗುತ್ತದೆ. ಲಘುವಿಗೆ ಒಂದು, ಗುರುವಿಗೆ ಎರಡು, ಈ ಸಾಲಿಗೆ ಒಟ್ಟು 19 ಮಾತ್ರೆ. ಪ್ಯಾರ್ಟ್ 1982ರ ಪಾಸಿಯೊ ಎಂಬ ಲ್ಯಾಟಿನ್ ಕೃತಿಯಲ್ಲಿ ವಿರಾಮಚಿಹ್ನೆಗೂ ಲೆಕ್ಕ ಕಟ್ಟಿದ್ದಾರೆ: ಅಲ್ಪವಿರಾಮ, ಪೂರ್ಣವಿರಾಮ ಇತ್ಯಾದಿಗಳ ಹಿಂದಿನ ಪದ ಯಾವ ಚಿಹ್ನೆಯೋ ಅದಕ್ಕೆ ತಕ್ಕಂತೆ ಉದ್ದವಾಗುತ್ತದೆ. ಭಾಷೆಯ ಒಳಗಿನಿಂದ ಅಳತೆ ತೆಗೆಯಿರಿ ಅನ್ನುವುದೇ ಅಲ್ಲಿರುವ ಪಾಠ, ಲ್ಯಾಟಿನ್ ಅಳತೆ ತಂದು ನಮಗೆ ಹೊಲಿಸಿಕೊಳ್ಳಿ ಅನ್ನುವುದಲ್ಲ.

ಕನ್ನಡದ ನಿಜವಾದ ತೊಂದರೆ ಬೇರೆ ಇದೆ, ನೀವು ಅದನ್ನು ಕೇಳಿಯೇ ಇಲ್ಲ. ನಮ್ಮ ಕ್ರಿಯಾಪದ ವಾಕ್ಯದ ಕೊನೆಗೆ ಬರುತ್ತದೆ, ಬಾಲ ಉದ್ದ. "ಮಾತಾಡಿಕೊಳ್ಳುತ್ತಿದ್ದರು" ಎಂಟು ಅಕ್ಷರ. ಇಳಿದು ಸ ಮುಟ್ಟುವ ದಾರಿಯಲ್ಲಿ ಅದು ತಾರ ಸದಿಂದ ಶುರುವಾಗಿ ಇಡೀ ಸ್ಥಾಯಿ ಜಾರುತ್ತದೆ. ಇಂಥ ನಾಲ್ಕು ವಾಕ್ಯ ಸಾಲಾಗಿ ಬಂದರೆ ಮಕ್ಕಳ ಜಾರುಬಂಡೆ. ಮುಖ್ಯ ಕ್ರಿಯೆಯನ್ನೂ ಅದಕ್ಕಂಟಿದ ಬಾಲವನ್ನೂ ಬೇರೆ ಪದಗಳಂತೆ ಎಣಿಸಿ: ಮಾತಾಡಿ 3, ಕೊಳ್ಳುತ್ತಿದ್ದರು 5. ಒಂದನ್ನು ಹತ್ತಿಸಿ, ಇನ್ನೊಂದನ್ನು ಇಳಿಸಿ. ಅಥವಾ ನಡುವಿನ ಸ್ವರವನ್ನು ಪಂಚಮಕ್ಕೆ ಏರಿಸಿ, ಎರಡೂ ಕಡೆ ಜಾಗ ಸಿಗುತ್ತದೆ. ನನ್ನನ್ನು ಕೇಳಿದರೆ ಸಣ್ಣ ಪದಗಳ ಪದ್ಯ ಆರಿಸಿಕೊಳ್ಳುವುದೇ ವಾಸಿ. ಇಂಗ್ಲಿಷ್ ಪದ್ಯದ ಅನುವಾದವನ್ನಂತೂ ಮುಟ್ಟಬೇಡಿ. ಪ್ಯಾರ್ಟ್ 1997ರ ಕಾನೊನ್ ಪೊಕಾಯಾನೆನ್ ಎಂಬ ಮೇಳದ ಕೃತಿಯನ್ನು ಚರ್ಚಿನ ಹಳೆಯ ಸ್ಲಾವೋನಿಕ್ ಭಾಷೆಯಲ್ಲೇ ಕೂರಿಸಿದ್ದಾರೆ. ಪದದ ಉದ್ದವೇ ರಾಗವನ್ನು ಕಟ್ಟುವಾಗ ಭಾಷೆ ಬದಲಾದರೆ ಕೃತಿಯೇ ಬೇರೆ.

ಶ್ರುತಿಪೆಟ್ಟಿಗೆ ಬೇಡ. ಟಿ-ದನಿಯನ್ನು ತಂಬೂರಿಗೆ ಹೋಲಿಸಿ ವಿವರಿಸುವವರು ಬಹಳ ಜನ, ನಾನೂ ಹಾಗೇ ಹೇಳಿಕೊಡುತ್ತಿದ್ದೆ. ಹೋಲಿಕೆ ಅರ್ಧ ದಾರಿಯಲ್ಲಿ ಕೈಕೊಡುತ್ತದೆ. ತಂಬೂರಿ ಹಾಡುವವರನ್ನು ಕೇಳದೆ ಮೀಟುತ್ತಿರುತ್ತದೆ, ಟಿ-ದನಿ ಪ್ರತಿ ಅಕ್ಷರಕ್ಕೂ ಬಾಯಿ ತೆರೆಯುತ್ತದೆ, ಅದೇ ಮಾತನ್ನು ಆಡುತ್ತದೆ, ಎಂ-ದನಿ ಎಲ್ಲಿದೆ ಎಂದು ನೋಡಿಯೇ ತನ್ನ ಸ್ವರ ಆರಿಸುತ್ತದೆ. ಪೆಟ್ಟಿಗೆ ಇಟ್ಟರೆ ಮೌನವೂ ಹೋಗುತ್ತದೆ. ಪದ್ಯಭಾಗಗಳ ನಡುವೆ ಬಿಟ್ಟ ಖಾಲಿ ಜಾಗದಲ್ಲಿ ಹಿಂದಿನ ಸ್ವರ ಗೋಡೆಗೆ ತಾಗಿ ಆರಬೇಕು. ಫ್ಯಾನ್ ತಿರುಗುವ, ಥರ್ಮೊಕೋಲ್ ಚಾವಣಿಯ ಹಾಲ್‌ನಲ್ಲಿ ಅದು ಅರ್ಧ ಸೆಕೆಂಡಿಗೇ ಸಾಯುತ್ತದೆ, ಅಂಥಲ್ಲಿ ವಿರಾಮವನ್ನು ಉದ್ದ ಮಾಡಿದರೆ ಹಾಡುವವರು ಮರೆತು ನಿಂತಂತೆ ಕಾಣುತ್ತದೆ. ಕಲ್ಲಿನ ಗೋಡೆಯ ಜಾಗ ಹುಡುಕಿ, ಇಲ್ಲದಿದ್ದರೆ ವಿರಾಮವನ್ನು ಅರ್ಧಕ್ಕೆ ಇಳಿಸಿ.

ಅಭ್ಯಾಸಕ್ಕೆ ಒಂದೇ ಒಂದು ಸಲಹೆ. ಎಂ-ದನಿಯವರಲ್ಲಿ ಸಂಗೀತ ಕಲಿತವರಿದ್ದರೆ ಗಾಂಧಾರದಿಂದ ರಿಷಭಕ್ಕೆ ಬರುವಾಗ ಜಾರು ತಾನಾಗಿ ಬರುತ್ತದೆ, ಬೈದರೂ ಹೋಗುವುದಿಲ್ಲ. ಜಾರಿದರೆ ರಿ–ಗ ತಿಕ್ಕಾಟ ನಿಜಕ್ಕೂ ಅಪಸ್ವರವೇ, ನಿಮ್ಮ ಟಿ-ದನಿಯವರ ದೂರಿನಲ್ಲಿ ಅರ್ಧ ಪಾಲು ಇದೇ ಇರಬಹುದು. ಸಾಲನ್ನು ಮೊದಲು ಬರೀ ಮಾತಾಗಿ, ಗುರು ಲಘು ನೋಡಿಕೊಂಡು ಎಲ್ಲರಿಂದ ಓದಿಸಿ. ಆಮೇಲೆ ಟಿ-ದನಿ ಒಂದನ್ನೇ ಹಾಡಿಸಿ. ಎಂ-ದನಿಯವರು ದೀ ಒಂದನ್ನೇ ನೇರ ರಿಷಭದಲ್ಲಿ, ಅಲುಗಾಡಿಸದೆ, ಎಂಟು ಎಣಿಸುವವರೆಗೆ ಹಿಡಿಯಲಿ, ಟಿ-ದನಿಯವರು ಗಾಂಧಾರ ಹಿಡಿದು ಪಕ್ಕದಲ್ಲೇ ನಿಲ್ಲಲಿ. ನಂತರ ಎಂ-ದನಿ ಮಾತ್ರ ಷಡ್ಜಕ್ಕೆ ಇಳಿಯಲಿ. ಗೊಣಗಾಟ ಆಗಲೂ ಇದ್ದರೆ ಮೇಲೆ ಹೇಳಿದ ಎರಡನೇ ಸ್ವರದ ಲೆಕ್ಕಕ್ಕೆ ಇಡೀ ಮೊದಲ ಪದ್ಯವನ್ನು ಬದಲಿಸಿ ನೋಡಿ.